ಧಾರೆ ಸೀರೆ ತೆಗೆಯಲು ಹೊರಡುವ ಮುನ್ನ

ಅಕ್ಕತಂಗಿಯರೇ, ಭಾನುವಾರ ಸೀರೆ ಅಂಗಡಿಗೆ ಬರುವವರು ಇದನ್ನು ಓದಿಕೊಂಡೇ ಬನ್ನಿ. ಮೈತುಂಬಿದ ಮದುಮಗಳಿಗೆ "ಕಡುಬಣ್ಣ ಉಡು, ಸಣ್ಣ ಕಾಣುತ್ತೀಯೆ" ಎನ್ನುವ ಉಪದೇಶ ಸಾಕು. ಸಣ್ಣ ಕಾಣಬೇಕೆಂದು ಅವಳೇನೂ ಕೇಳಿಲ್ಲ. ಬಟ್ಟೆ ಮೈಮೇಲೆ ಹೇಗೆ ಇಳಿಯುತ್ತದೆ ಎಂಬುದನ್ನು ನೋಡಿ. ಮೈಸೂರು ಸಿಲ್ಕಿನ ಕ್ರೇಪ್ ಮೆತ್ತಗೆ, ನೆರಿಗೆ ನೀರಿನಂತೆ ಬೀಳುತ್ತದೆ. ದಪ್ಪ ಜರಿಯ ಹೊಸ ಕಂಚಿ ಸೀರೆ ಸೊಂಟದ ಬಳಿ ಉಬ್ಬಿ ನಿಲ್ಲುತ್ತದೆ. ಅದೇ ಬೇಕೆಂದರೆ ಒಳಗೆ ನೆರಿಗೆಯಿಲ್ಲದ ಲಂಗ ತೊಡಿಸಿದರಾಯಿತು.

ಸೀರೆಗಿಂತ ದೊಡ್ಡ ಚಿಂತೆ ಕುಪ್ಪಸದ್ದು. ನನ್ನ ಧಾರೆಯ ದಿನ ಹಾರ ಹಾಕಲು ಕೈ ಎತ್ತಿದೆ, ಕಂಕುಳಲ್ಲಿ ಚರ್ ಎಂದಿತು. ಉಳಿದ ಶಾಸ್ತ್ರವೆಲ್ಲ ಅತ್ತಿಗೆಯ ನಾಲ್ಕು ಪಿನ್ನುಗಳ ಕೃಪೆಯಿಂದ ನಡೆಯಿತು! ಆದ್ದರಿಂದ ಪ್ರಿನ್ಸೆಸ್ ಕಟ್, ಅಂದರೆ ಎದೆಯ ಮೇಲಿಂದ ಕೆಳಗಿನವರೆಗೆ ಉದ್ದ ಹೊಲಿಗೆ ಇಳಿಯುವ ಕುಪ್ಪಸ ಹೊಲಿಸೋಣ, ಹೊಲಿಗೆಯ ಒಳಗೆ ಎರಡೂ ಬದಿ ಒಂದೊಂದು ಇಂಚು ಬಟ್ಟೆ ಬಿಡಲು ಟೈಲರಿಗೆ ಹೇಳೋಣ. ತೊಟ್ಟು ನೋಡುವಾಗ ಕೈ ಮೇಲೆತ್ತಿ, ಚಕ್ಕಳಮಕ್ಕಳ ಹಾಕಿ ಕುಳಿತೂ ನೋಡಬೇಕು; ಮಣೆಯ ಮೇಲೆ ಗಂಟೆಗಟ್ಟಲೆ ಕೂರುವವಳು ಅವಳೇ ತಾನೆ.

ಅಳತೆಗೆ ಅವಳಿಗೆ ಸರಿಹೊಂದುವ ಹಳೆಯ ಕುಪ್ಪಸವೊಂದನ್ನು ಚಿಕ್ಕಮ್ಮ ಮರೆಯದೆ ತರಬೇಕು. ಅಂಗಡಿಯಲ್ಲಿ ಅವಳ ಮೈಕಟ್ಟಿನ ಬಗ್ಗೆ ಯಾರೂ ಮಾತೆತ್ತಬೇಡಿ. ದೊಡ್ಡಮ್ಮಂದಿರಿಗೂ ಇದು ಅನ್ವಯ.