ತೀರ್ಪು ಬಂತು, ಕಲ್ಲು ಬರಲಿಲ್ಲ: ಕಂದಾಯ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಕಂದಾಯ ಸಚಿವರಿಗೆ,

ಕೋಲಾರ ಜಿಲ್ಲೆಯ ಒಬ್ಬ ಮಾವು ಬೆಳೆಗಾರನ ನಮಸ್ಕಾರ. ಕೋರ್ಟು ಪಾಲು ಹೇಳಿದರೂ ಜಮೀನು ಅಳೆದು ಗಡಿ ಕಲ್ಲು ನೆಡದ ಕಥೆ ಇದು.

ನಮ್ಮ ತಾತನ ಜಮೀನು 4 ಎಕರೆ 20 ಗುಂಟೆ. ಅಪ್ಪ, ಚಿಕ್ಕಪ್ಪ ಊರ ಹಿರಿಯರ ಮುಂದೆ ಬಾಯಿಮಾತಿನಲ್ಲೇ ಭಾಗ ಮಾಡಿಕೊಂಡಿದ್ದರು. ಹುಣಸೆಮರದಿಂದ ಮೂಡಲಕ್ಕೆ ನಮ್ಮದು, ಪಡುವಲಕ್ಕೆ ಚಿಕ್ಕಪ್ಪನದು. ಪಾಲುಪಾರಿಕತ್ತು (ಭಾಗಪತ್ರ) ಬರೆಸಲಿಲ್ಲ, ಪೋಡಿ (ಅಳೆದು ಪಾಲುಗಳನ್ನು ದಾಖಲೆಯಲ್ಲಿ ಬೇರೆ ಮಾಡುವುದು) ಆಗಲಿಲ್ಲ, ಪಹಣಿ ತಾತನ ಹೆಸರಲ್ಲೇ ಉಳಿಯಿತು. ಆ ಜಮೀನಿಗೆ ಆಗ ಬೆಲೆಯೇ ಇರಲಿಲ್ಲ, ಕಾಗದ ಯಾರಿಗೆ ಬೇಕಿತ್ತು? ಆಮೇಲೆ ನರಸಾಪುರ, ವೇಮಗಲ್ ಕಡೆ ಕಾರ್ಖಾನೆಗಳು ಬಂದವು. ಅವುಗಳ ಬೆನ್ನಲ್ಲೇ ಬ್ರೋಕರ್‌ಗಳು ಊರೂರು ಸುತ್ತತೊಡಗಿದರು. ಅದೇ ಹೊತ್ತಿಗೆ ಒಂದು ಮಳೆಗೆ ಹುಣಸೆಮರ ಬುಡಸಮೇತ ಬಿತ್ತು. ಜಗಳ ಶುರುವಾಗಲು ಇಷ್ಟು ಸಾಕಲ್ವಾ?

ಸೋದರತ್ತೆಯೂ ಪಾಲು ಕೇಳಿದರು. ಕೇಳಿದ್ದರಲ್ಲಿ ತಪ್ಪಿಲ್ಲ. ಮಗಳಿಗೂ ಸಮಪಾಲು ಅಂತ ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿ ಹೇಳಿದೆ. ಆ ಹೊತ್ತಿಗೆ ತಂದೆ ಬದುಕಿರಲೇಬೇಕು ಅಂತೇನಿಲ್ಲ ಎಂದು 2020ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟ ಮಾಡಿತು. ಬಾಯಿಮಾತಿನ ಭಾಗವನ್ನು ಸುಲಭಕ್ಕೆ ಒಪ್ಪಬಾರದು ಅಂತಲೂ ಹೇಳಿತು. (ಇದನ್ನು ಮನೆಯಲ್ಲಿ ಹೇಳಿದ್ದಕ್ಕೆ ನಮ್ಮಮ್ಮ ಎರಡು ತಿಂಗಳು ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ.)

ಒಂಬತ್ತು ವರ್ಷ ಕೋರ್ಟಿಗೆ ಅಲೆದ ಮೇಲೆ ಡಿಕ್ರಿ ಬಂತು. ಮೂವರಿಗೂ ಮೂರನೇ ಒಂದು ಭಾಗ, ಅಂದರೆ ತಲಾ 1 ಎಕರೆ 20 ಗುಂಟೆ. ಆ ದಿನ ಅತ್ತೆ ಎಲ್ಲರಿಗೂ ಮೈಸೂರು ಪಾಕ್ ಹಂಚಿದರು. ಕೇಸು ಮುಗಿಯಿತು ಅಂತ ನಾವೂ ತಿಂದೆವು.

ಮುಗಿದಿರಲಿಲ್ಲ. ಅದು ಪ್ರಿಲಿಮಿನರಿ (ಪ್ರಾಥಮಿಕ) ಡಿಕ್ರಿ. ಯಾರಿಗೆ ಎಷ್ಟು ಅಂತ ಅದರಲ್ಲಿದೆ, ಯಾರಿಗೆ ಎಲ್ಲಿ ಅಂತ ಇಲ್ಲ. ಬೋರ್‌ವೆಲ್ ಯಾರ ಪಾಲಿಗೆ? ರಸ್ತೆ ಪಕ್ಕ ಯಾರಿಗೆ? ಹಿಂದಿನ ಪಾಲಿನವರು ಗಾಡಿ ಎಲ್ಲಿಂದ ಹೊಡೆಯಬೇಕು? ಇಪ್ಪತ್ತು ವರ್ಷದ ಬಾದಾಮಿ ಮಾವಿನ ಮರಗಳಿರುವ ಅರ್ಧ ಎಕರೆ, ಬಂಡೆ ಎದ್ದಿರುವ ಅರ್ಧ ಎಕರೆ, ಎರಡೂ ಗುಂಟೆ ಲೆಕ್ಕದಲ್ಲಿ ಒಂದೇ. ಇದನ್ನೆಲ್ಲ ಅಳೆದು, ನಕ್ಷೆ ಮಾಡಿ ಫೈನಲ್ ಡಿಕ್ರಿ ಕೊಡಬೇಕು. ಅದಕ್ಕೆ ಮತ್ತೆ ಬೇರೆ ಅರ್ಜಿ ಬೇಡ, ಕೋರ್ಟೇ ತಾನಾಗಿ ಮುಂದುವರಿಸಬೇಕು ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. ನಮ್ಮ ರಾಜ್ಯವಂತೂ 1998ರಲ್ಲೇ ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) 54ನೇ ಸೆಕ್ಷನ್ ತಿದ್ದಿ, ಜಮೀನು ಭಾಗ ಮಾಡುವ ಕೆಲಸವನ್ನು ಜಿಲ್ಲಾಧಿಕಾರಿಯಿಂದ ಕೋರ್ಟಿಗೇ ಕೊಟ್ಟಿದೆ. ಬೇಕಾದರೆ ತಹಶೀಲ್ದಾರರ ಅಥವಾ ಕೋರ್ಟೇ ನೇಮಿಸುವ ಕಮಿಷನರ್ ವರದಿ ತರಿಸಿಕೊಳ್ಳಬಹುದು.

ಸ್ವಾಮಿ, ನಾನು ನಿಮಗೆ ಬರೆಯುತ್ತಿರುವುದು ಆ ವರದಿಗಾಗಿ. ಕೋರ್ಟು ನಿಮ್ಮ ಕೈಯಲ್ಲಿಲ್ಲ, ಗೊತ್ತು. ಆದರೆ ಕಮಿಷನರ್ ಆಗಿ ಬಂದು ಚೈನು ಹಿಡಿಯಬೇಕಾದವರು ನಿಮ್ಮ ಸರ್ವೆ ಇಲಾಖೆಯವರು. ನಮ್ಮ ಕೇಸಿನಲ್ಲಿ ಎರಡು ವರ್ಷದಿಂದ ವಾಯಿದೆ ಮೇಲೆ ವಾಯಿದೆ. ಕಾರಣ ಒಂದೇ, 'ಕಮಿಷನರ್ ವರದಿ ಬಂದಿಲ್ಲ'. ಒಂದು ಸಲ ಸರ್ವೆಯರ್‌ಗೆ ಬೇರೆ ಡ್ಯೂಟಿ. ಒಂದು ಸಲ ನೋಟಿಸ್ ಚಿಕ್ಕಪ್ಪನಿಗೆ ತಲುಪಲಿಲ್ಲ. ಇನ್ನೊಂದು ಸಲ ಜಮೀನಿಗೇ ಬಂದರು, ಆದರೆ ಹಳೇ ಟಿಪ್ಪಣಿಯ (ಮೂಲ ಸರ್ವೆಯ ಅಳತೆ ದಾಖಲೆ) ಹಾಳೆ ಹರಿದಿತ್ತು, ಬಾಂದು ಕಲ್ಲು (ಗಡಿ ಕಲ್ಲು) ಸಿಗಲಿಲ್ಲ, ವಾಪಸ್ ಹೋದರು. ಯಾವ ಕಚೇರಿ ಅಂತ ಬರೆಯುವುದಿಲ್ಲ. ಅಲ್ಲಿರುವ ಒಬ್ಬಿಬ್ಬರು ಎಷ್ಟು ಅಂತ ಅಳೆದಾರು? ಹದ್ದುಬಸ್ತು (ಗಡಿ ಗುರುತಿಸುವುದು), ಪೋಡಿ, ಜಮೀನಿನ ಒಂದು ಭಾಗ ಮಾರುವಾಗ ಬೇಕಾಗುವ 11ಇ ನಕ್ಷೆ, ಎಲ್ಲ ಅವರ ತಲೆ ಮೇಲೇ.

ರಾಜಿ ಮಾಡಿಕೊಳ್ಳಿ ಅಂತ ಎಲ್ಲರೂ ಹೇಳುತ್ತಾರೆ. ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಕೋರ್ಟ್ ಫೀ ವಾಪಸ್ ಬರುತ್ತದೆ, ಮೇಲ್ಮನವಿಯ ಕಾಟವೂ ಇಲ್ಲ. ನಾವು ಒಪ್ಪಿಕೊಂಡೇ ಕೂತೆವು. ಅಲ್ಲೂ ಮೊದಲು ಕೇಳಿದ್ದು ನಕ್ಷೆ!

ನನ್ನ ಬೇಡಿಕೆ ದೊಡ್ಡದೇನಲ್ಲ. ಕೋರ್ಟಿನಿಂದ ಬರುವ ಅಳತೆಗಳಿಗೆ ಪ್ರತಿ ತಾಲ್ಲೂಕಿನಲ್ಲೂ ಬೇರೆಯೇ ಒಂದು ಪಟ್ಟಿ ಇಡಿಸಿ. ಆ ಪಟ್ಟಿ ಹಿಡಿದು ಪರವಾನಗಿ ಭೂಮಾಪಕರನ್ನೂ ಕಳಿಸುವಂತೆ ಮಾಡಿ. ಹಳೇ ದಾಖಲೆ ಸ್ಕ್ಯಾನ್ ಮಾಡಿಸುವಾಗ ಕೇಸು ನಡೆಯುತ್ತಿರುವ ಸರ್ವೆ ನಂಬರ್‌ಗಳ ಟಿಪ್ಪಣಿಯನ್ನು ಮೊದಲು ತೆಗೆದುಕೊಳ್ಳಲಿ. ಕೇಸಿನ ವಾಯಿದೆ ಯಾವತ್ತು ಅಂತ ಮೊಬೈಲ್‌ನಲ್ಲೇ ಕಾಣಿಸುತ್ತದೆ, ಅಳತೆ ಯಾವ ಮೇಜಿನ ಮೇಲೆ ಕೂತಿದೆ ಅನ್ನುವುದೂ ಕಾಣಿಸಲಿ. ಕೊನೆಯದು, ಅಳೆದ ದಿನವೇ ಕಲ್ಲು ನೆಡಿಸಿ. ಆಮೇಲೆ ನೆಡುತ್ತೇವೆ ಅಂದರೆ ರಾತ್ರೋರಾತ್ರಿ ಏನಾಗುತ್ತದೆ ಅಂತ ಹಳ್ಳಿಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಅತ್ತೆಗೆ ಈಗ 71 ವರ್ಷ. ಪ್ರತಿ ವಾಯಿದೆಗೂ ಬಸ್ಸು ಹತ್ತಿ ಬರುತ್ತಾರೆ, ಬುತ್ತಿ ಕಟ್ಟಿಕೊಂಡು. ಮುಂದಿನ ವಾಯಿದೆ ಹೊತ್ತಿಗೆ ಮಾವು ಹೂ ಬಿಟ್ಟಿರುತ್ತದೆ. ಔಷಧಿ ಯಾರು ಹೊಡೆಯಬೇಕು ಅನ್ನುವುದು ಇನ್ನೂ ತೀರ್ಮಾನವಾಗಿಲ್ಲ.

ಇತಿ,
ಸಾಲಿನಲ್ಲಿ ಕಾಯುತ್ತಿರುವ ಒಬ್ಬ ರೈತ
ಕೋಲಾರ ಜಿಲ್ಲೆ