ಹಬ್ಬದ ಪೊಟ್ಟಣಗಳು ಇನ್ನು ತಿಥಿ ನೋಡಿ ಹೊರಡುತ್ತವೆ

ಸೊಲ್ಲಾಪುರ, ಏಪ್ರಿಲ್ 2026

ಮಾನ್ಯ ಗ್ರಾಹಕರಿಗೆ ಸಾದರ ನಮಸ್ಕಾರಗಳು.

ನಮ್ಮ ಮಹಿಳಾ ಸಹಕಾರ ಸಂಘಕ್ಕೆ ವಾರ್ಷಿಕ ಚಂದಾ ಕಟ್ಟಿದ ಮನೆಗಳಿಗೆ ಹಬ್ಬದ ಹಿಟ್ಟು, ಬೇಳೆ, ಬೆಲ್ಲ ಮತ್ತು ಚಟ್ನಿಗಳ ಪೊಟ್ಟಣಗಳು ಈವರೆಗೆ ಇಂಗ್ಲಿಷ್ ತಿಂಗಳ ಗೊತ್ತಾದ ತಾರೀಖಿಗೆ ಹೊರಡುತ್ತಿದ್ದವು. ಮೇ ತಿಂಗಳಿನಿಂದ ಅವು ಮರಾಠಿ ಪಂಚಾಂಗದ ತಿಥಿಯನ್ನು ಅನುಸರಿಸಿ ಆಯಾ ಹಬ್ಬಕ್ಕೆ ಎಂಟು ದಿನ ಮೊದಲು ಹೊರಡುತ್ತವೆ. ಅಮಾವಾಸ್ಯೆಗೆ ತಿಂಗಳು ಮುಗಿಯುವ ಶಾಲಿವಾಹನ ಶಕೆಯ ಪದ್ಧತಿಯೇ ಕನ್ನಡದ ಮನೆಗಳಲ್ಲೂ ಇರುವುದರಿಂದ ಎರಡು ಪಟ್ಟಿಗಳ ಅಗತ್ಯವಿಲ್ಲ.

ಈ ಬದಲಾವಣೆಗೆ ಕಾರಣ ಈ ವರ್ಷ ಬಂದಿರುವ ಅಧಿಕ ಮಾಸ. ಚಾಂದ್ರ ವರ್ಷಕ್ಕೆ ಸುಮಾರು 354 ದಿನ, ಸೌರ ವರ್ಷಕ್ಕೆ 365. ಹೀಗೆ ವರ್ಷಕ್ಕೆ ಹನ್ನೊಂದು ದಿನದಷ್ಟು ಮುಂಚಿತವಾಗುತ್ತ ಹೋಗುವ ಹಬ್ಬಗಳನ್ನು ಮತ್ತೆ ಋತುಮಾನಕ್ಕೆ ಹೊಂದಿಸುವುದಕ್ಕಾಗಿ, ಸಂಕ್ರಮಣವೇ (ಸೂರ್ಯ ಒಂದು ರಾಶಿಯಿಂದ ಇನ್ನೊಂದಕ್ಕೆ ದಾಟುವುದು) ಬೀಳದ ಚಾಂದ್ರಮಾಸವನ್ನು ಅಧಿಕವೆಂದು ಎಣಿಸುತ್ತಾರೆ. ಶಕೆ 1948ರಲ್ಲಿ ಮೇ 17ರಿಂದ ಜೂನ್ 15ರವರೆಗೆ ಅಧಿಕ ಜ್ಯೇಷ್ಠ. ಹೀಗಾಗಿ ಗುಢಿ ಪಾಡ್ವಾ ಕಳೆದ ವರ್ಷದ ಮಾರ್ಚ್ 30ರ ಬದಲು ಮಾರ್ಚ್ 19ಕ್ಕೇ ಬಂದು ಹೋದರೂ, ಕಳೆದ ವರ್ಷ ಆಗಸ್ಟ್ 27ಕ್ಕೆ ಬಂದಿದ್ದ ಗಣೇಶ ಚತುರ್ಥಿ ಈ ಸಲ ಸೆಪ್ಟೆಂಬರ್ 14ಕ್ಕೆ ಬರುತ್ತದೆ. ಮೋದಕದ ಅಕ್ಕಿಹಿಟ್ಟನ್ನು ಹಳೆಯ ತಾರೀಖಿಗೇ ಕಳುಹಿಸಿದರೆ ಅದು ಮಳೆಗಾಲದ ತೇವದಲ್ಲಿ ವಾರಗಟ್ಟಲೆ ಉಳಿದು ಮುಗ್ಗಲು ವಾಸನೆ ಹಿಡಿಯುತ್ತದೆ. ಅಂಥ ಹಿಟ್ಟಿನಿಂದ ನೈವೇದ್ಯವಾಗುವುದು ನಮಗೆ ಒಪ್ಪಿಗೆಯಿಲ್ಲ.

ಮಹಾರಾಷ್ಟ್ರದಲ್ಲಿ 'ಧೋಂಡ್ಯಾಚಾ ಮಹಿನಾ' ಎಂದೇ ಕರೆಯುವ ಈ ಅಧಿಕ ಮಾಸದಲ್ಲಿ ಮಗಳು-ಅಳಿಯರನ್ನು ಲಕ್ಷ್ಮೀನಾರಾಯಣರೆಂದು ಭಾವಿಸಿ ಮನೆಗೆ ಕರೆದು, ದೀಪದೊಡನೆ 33 ಅನಾರಸಗಳ (ಅಕ್ಕಿಹಿಟ್ಟು, ಬೆಲ್ಲದ ಕರಿದ ಸಿಹಿತಿಂಡಿ) ಬಾಗಿನ ಕೊಡುವ ರೂಢಿ ಇದೆ. ಅದಕ್ಕೆಂದು ಅನಾರಸದ ಹಿಟ್ಟಿನ ಪೊಟ್ಟಣವನ್ನು ಹೊಸದಾಗಿ ಸೇರಿಸಿದ್ದೇವೆ. ದಿನವೂ ನೀರು ಬದಲಿಸುತ್ತ ಮೂರು ದಿನ ನೆನೆಸಿದ ಅಕ್ಕಿಯನ್ನು ನೆರಳಿನಲ್ಲಿ ಆರಹಾಕಿ, ಪಸೆ ಇರುವಾಗಲೇ ಕುಟ್ಟಿ ಜರಡಿ ಹಿಡಿದು, ಬೆಲ್ಲ ಬೆರೆಸಿ ಮುದ್ದೆ ಕಟ್ಟಿ, ಐದಾರು ದಿನ ಹದಕ್ಕೆ ಬಿಟ್ಟ ಮೇಲೆಯೇ ಅದು ನಮ್ಮಲ್ಲಿಂದ ಹೊರಡುತ್ತದೆ. ಗಸಗಸೆಯ ಮೇಲೆ ತಟ್ಟಿ, ಗಸಗಸೆಯ ಬದಿಯನ್ನು ಮೇಲ್ಮುಖವಾಗಿಟ್ಟು ಸಣ್ಣ ಉರಿಯಲ್ಲಿ ತುಪ್ಪಕ್ಕೆ ಬಿಡಿ. ಮಗುಚದೆ ಜಾರೆಯಿಂದ (ತೂತಿನ ಸೌಟು) ಬಿಸಿ ತುಪ್ಪವನ್ನು ಮೇಲೆ ಹಾಯಿಸುತ್ತಿದ್ದರೆ ಸಣ್ಣ ರಂಧ್ರಗಳ ಜಾಳಿಗೆ ಚೆನ್ನಾಗಿ ಬೀಳುತ್ತದೆ. ಹದಕ್ಕೆ ಬೇಕಾದ ಕಾಲವನ್ನು ಕಡಿತಗೊಳಿಸಲಾಗದ ಕಾರಣ ಹದಿನೈದು ದಿನ ಮುಂಚಿತವಾಗಿ ಬೇಡಿಕೆ ತಿಳಿಸಬೇಕೆಂದು ಕೋರುತ್ತೇವೆ.

ಕಾರಹುಣ್ಣಿಮೆ ಮತ್ತು ವಟಪೌರ್ಣಿಮೆಯ ಪೊಟ್ಟಣ ಅಧಿಕದ ನಂತರ ಬರುವ ನಿಜ ಜ್ಯೇಷ್ಠದ ಹುಣ್ಣಿಮೆಯನ್ನು, ಅಂದರೆ ಜೂನ್ 29ನ್ನು ಲೆಕ್ಕಕ್ಕೆ ಹಿಡಿದು ಬರುತ್ತದೆ. ಪಂಢರಪುರದ ಆಷಾಢಿ ಏಕಾದಶಿ ಜುಲೈ 25ಕ್ಕೆ; ಅಂದಿನಿಂದ ಚಾತುರ್ಮಾಸದ ವ್ರತ ಹಿಡಿಯುವವರು ಮೊದಲೇ ತಿಳಿಸಿದರೆ ಶೇಂಗಾ ಚಟ್ನಿಯನ್ನು ಬೆಳ್ಳುಳ್ಳಿ ಹಾಕದೆ, ಬೇರೆ ಒರಳಿನಲ್ಲಿ ಕುಟ್ಟಿ ಕಳುಹಿಸುತ್ತೇವೆ. ಸಂಕ್ರಾಂತಿ ಸೂರ್ಯನ ಚಲನೆಗೆ ಸೇರಿದ ಹಬ್ಬವಾದ್ದರಿಂದ ನಮ್ಮೂರ ಸಿದ್ಧೇಶ್ವರ ಜಾತ್ರೆಯ ಹೊತ್ತಿನ ಎಳ್ಳು ಬೆಲ್ಲದ ಪೊಟ್ಟಣ ಎಂದಿನಂತೆ ಜನವರಿಯ ಮೊದಲ ವಾರದಲ್ಲೇ ತಲುಪುತ್ತದೆ.

ಚಂದಾ ದರದಲ್ಲಿ ಬದಲಾವಣೆ ಇಲ್ಲ. ಅನಾರಸದ ಹಿಟ್ಟಿಗೆ ಮಾತ್ರ ಪ್ರತ್ಯೇಕ ಬೆಲೆ ಇದ್ದು, ವಿವರವನ್ನು ಬೇಡಿಕೆ ಚೀಟಿಯಲ್ಲಿ ಮುದ್ರಿಸಿದ್ದೇವೆ.

ತಮ್ಮ ವಿಶ್ವಾಸಿ,
ಕಾರ್ಯದರ್ಶಿ