ಅಮಾನತು ಮಾಡಿದಿರಿ, ಬೀರುವಿನ ಕೀಲಿ ಎಲ್ಲಿ?

ಮಾನ್ಯ ಸಂಪಾದಕರೇ,

ನಮ್ಮ ಹೋಬಳಿಯ ಗ್ರಾಮ ಆಡಳಿತ ಅಧಿಕಾರಿ ಲಂಚ ಪಡೆಯುವಾಗ ಲೋಕಾಯುಕ್ತರ ಬಲೆಗೆ ಬಿದ್ದು ಅಮಾನತಾದ ಸುದ್ದಿಯನ್ನು ಮೊನ್ನೆ ನಿಮ್ಮ ಪತ್ರಿಕೆ ಫೋಟೋ ಸಮೇತ ಹಾಕಿತು. ಹಾಕಿದ್ದು ಸರಿ. ಆದರೆ ಜನರ ತೊಂದರೆ ಶುರುವಾದದ್ದು ಅದರ ಮರುದಿನ, ಅದರ ಬಗ್ಗೆ ಒಂದು ಸಾಲೂ ಬರಲಿಲ್ಲ. ಆ ಅಧಿಕಾರಿಯ ವೃತ್ತದ (ಅವರಿಗೆ ಒಪ್ಪಿಸಿದ ಹಳ್ಳಿಗಳ) ಕಡತಗಳಿರುವ ಬೀರುವಿಗೆ ಇಂದಿಗೂ ಬೀಗ. ಕೀಲಿ ಯಾರ ಬಳಿ ಇದೆ ಎಂದರೆ ಉತ್ತರವಿಲ್ಲ. ಲಾಗಿನ್ ಇನ್ನೂ ಅಮಾನತಾದವರ ಹೆಸರಿನಲ್ಲೇ ಇದೆ, ಹೊಸ ಅರ್ಜಿಗಳೂ ಅಲ್ಲಿಗೇ ಹೋಗಿ ಬೀಳುತ್ತಿವೆ. ಪಕ್ಕದ ವೃತ್ತದವರಿಗೆ ಹೆಚ್ಚುವರಿ ಪ್ರಭಾರ ಕೊಟ್ಟಿದ್ದೇವೆ ಎನ್ನುತ್ತಾರೆ. ಆದೇಶದ ಪ್ರತಿ ಕೇಳಿದರೆ ಕೈಗೆ ಬಂದಿಲ್ಲ ಎನ್ನುತ್ತಾರೆ.

ಇದು ಕೊಡವರ ಕಕ್ಕಡ ತಿಂಗಳ ಮಳೆಗಾಲ. ಗೋಡೆ ಕುಸಿದ ಮನೆಗೆ ಗ್ರಾಮ ಆಡಳಿತ ಅಧಿಕಾರಿ ಬಂದು ಮಹಜರು ಬರೆದು, ಫೋಟೋ ತೆಗೆದು ವರದಿ ಕಳಿಸಿದರೆ ಮಾತ್ರ ಪರಿಹಾರದ ಕಡತ ಮುಂದೆ ಹೋಗುತ್ತದೆ. ಅಲ್ಲಿಯವರೆಗೆ ಬಿದ್ದ ಮಣ್ಣು ಎತ್ತುವ ಹಾಗಿಲ್ಲ, ಎತ್ತಿದರೆ ಹಾನಿಗೆ ಸಾಕ್ಷಿ ಎಲ್ಲಿ ಎಂದು ಕೇಳುತ್ತಾರೆ. ಟಾರ್ಪಾಲಿನಡಿ ಮಕ್ಕಳನ್ನು ಮಲಗಿಸಿಕೊಂಡವರು ಎಷ್ಟು ದಿನ ಕಾಯಬೇಕು? ಜಮ್ಮಾ ಬಾಣೆಯ (ಕೊಡಗಿನಲ್ಲಿ ವಂಶಪಾರಂಪರ್ಯವಾಗಿ ಬಂದ ಜಮೀನು) ಪೌತಿ ಖಾತೆಗೆ, ಅಂದರೆ ತೀರಿಹೋದವರ ಖಾತೆಯನ್ನು ವಾರಸುದಾರರ ಹೆಸರಿಗೆ ಮಾಡಲು, ಒಕ್ಕದ (ಕುಲದ ಕುಟುಂಬದ) ಎಲ್ಲರ ಹೇಳಿಕೆ, ಸಹಿ ಬೇಕು. ಅದಕ್ಕೆಂದು ಬೆಂಗಳೂರು, ಮೈಸೂರಿನಿಂದ ರಜೆ ಹಾಕಿ ಬಂದವರು ಬೀಗ ನೋಡಿ ವಾಪಸು ಹೋದರು. ಇನ್ನೊಮ್ಮೆ ಎಲ್ಲರೂ ಒಂದೇ ದಿನ ಸೇರುವುದು ಯಾವಾಗ? ವಂಶವೃಕ್ಷ ಸಿಗದೆ ಖಾತೆ ಇಲ್ಲ, ಖಾತೆ ಆಗದೆ ಆರ್‌ಟಿಸಿಯಲ್ಲಿ (ಪಹಣಿಯಲ್ಲಿ) ಹೆಸರಿಲ್ಲ, ಹೆಸರಿಲ್ಲದೆ ಸಹಕಾರ ಸಂಘದಲ್ಲಿ ಬೆಳೆಸಾಲವಿಲ್ಲ.

ನಿಗದಿತ ದಿನಗಳೊಳಗೆ ಸೇವೆ ಕೊಡಬೇಕೆನ್ನುವ ‘ಸಕಾಲ’ ಯೋಜನೆಯಲ್ಲಿ ಅರ್ಜಿಗೆ 15 ಅಂಕೆಯ ಸಂಖ್ಯೆ ಕೊಟ್ಟು ಕಳಿಸುತ್ತಾರೆ. ತಡವಾದರೆ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500 ರೂಪಾಯಿ ಪರಿಹಾರ ಎಂದು ಕಾಯ್ದೆ ಹೇಳುತ್ತದೆ. ಅಮಾನತಾದವರ ಲಾಗಿನ್‌ನಲ್ಲಿ ಕೂತ ಅರ್ಜಿಗೆ ಆ ಹಣವನ್ನು ಯಾರ ಸಂಬಳದಿಂದ ಹಿಡಿಯುತ್ತಾರೆ?

ಅಮಾನತು ಮಾಡಬಾರದೆಂದು ನಾನು ಹೇಳುತ್ತಿಲ್ಲ, ಮಾಡಲೇಬೇಕು. ಆದರೆ ಅಮಾನತು ಶಿಕ್ಷೆಯಲ್ಲ ಎಂಬುದು ಜನರಿಗೆ ತಿಳಿಯಬೇಕು. ಕರ್ನಾಟಕ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು, 1957ರಲ್ಲಿ 8ನೇ ನಿಯಮ ಹೇಳುವ ದಂಡನೆಗಳ ಪಟ್ಟಿಯಲ್ಲಿ ಅಮಾನತು ಇಲ್ಲ. ಅದು ಬರುವುದು 10ನೇ ನಿಯಮದಲ್ಲಿ, ವಿಚಾರಣೆಗೆ ಅಡ್ಡಿಯಾಗದಿರಲಿ ಎಂದು ದೂರ ಇಡುವ ಕ್ರಮವಾಗಿ. 48 ಗಂಟೆಗಿಂತ ಹೆಚ್ಚು ಬಂಧನದಲ್ಲಿದ್ದರೆ ಅಮಾನತಾದಂತೆಯೇ ಲೆಕ್ಕ. ಈ ಅವಧಿಯಲ್ಲಿ ಜೀವನಾಧಾರ ಭತ್ಯೆ ಮೊದಲಿಗೆ ಅರ್ಧ ವೇತನದಷ್ಟು. ವಿಳಂಬ ನೌಕರನ ತಪ್ಪಿನಿಂದಲ್ಲ ಎಂದಾದರೆ ಅದನ್ನು ಏರಿಸಬಹುದು. ಪೂರ್ತಿ ದೋಷಮುಕ್ತನಾದರೆ ಬಾಕಿ ಸಂಬಳವನ್ನೂ ಕೊಡಬೇಕು. ಎಲ್ಲವೂ ಜನರ ತೆರಿಗೆ ಹಣ.

ನಿಜವಾದ ಎಡವಟ್ಟು ಆಮೇಲಿನದು. ಅಜಯ್ ಕುಮಾರ್ ಚೌಧರಿ ಪ್ರಕರಣದಲ್ಲಿ 2015ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ: ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಕೊಡದಿದ್ದರೆ ಅಮಾನತನ್ನು ಮುಂದುವರಿಸುವಂತಿಲ್ಲ, ಕೊಟ್ಟಿದ್ದರೂ ಮುಂದುವರಿಸಲು ಕಾರಣ ಬರೆದು ಆದೇಶ ಮಾಡಬೇಕು. ಇಲ್ಲಿ ಆಗುವುದೇನು? ಕ್ರಿಮಿನಲ್ ಕೇಸು ಮುಗಿಯಲಿ ಎಂದು ಇಲಾಖೆ ಸುಮ್ಮನೆ ಕೂರುತ್ತದೆ. ಕೇಸೂ ಇಲಾಖಾ ವಿಚಾರಣೆಯೂ ಒಟ್ಟಿಗೆ ನಡೆಯಲು ಸಾಮಾನ್ಯವಾಗಿ ಕಾನೂನಿನ ಅಡ್ಡಿಯಿಲ್ಲ. ಅದೇ 1957ರ ನಿಯಮಗಳ 14-ಎ ಅಡಿ ಇಲಾಖಾ ವಿಚಾರಣೆಯನ್ನು ಲೋಕಾಯುಕ್ತಕ್ಕೆ ವಹಿಸುವ ಕಡತ ಬೆಂಗಳೂರಿಗೆ ಹೋಗಿ ಬರುವಷ್ಟರಲ್ಲಿ ತಿಂಗಳುಗಳು ಕಳೆಯುತ್ತವೆ. ಅಭಿಯೋಜನೆಗೆ (ಕೋರ್ಟಿನಲ್ಲಿ ಮೊಕದ್ದಮೆ ನಡೆಸಲು) ಮಂಜೂರಾತಿಯನ್ನು ಮೂರು ತಿಂಗಳು, ಹೆಚ್ಚೆಂದರೆ ಇನ್ನೊಂದು ತಿಂಗಳಲ್ಲಿ ತೀರ್ಮಾನಿಸಬೇಕೆಂದು ಭ್ರಷ್ಟಾಚಾರ ತಡೆ ಕಾಯ್ದೆಯ 2018ರ ತಿದ್ದುಪಡಿ ಹೇಳಿದರೂ ಅದೂ ಎಳೆಯುತ್ತದೆ. ಅಷ್ಟರಲ್ಲಿ ಅಮಾನತಾದವರು ಆಡಳಿತ ನ್ಯಾಯಮಂಡಳಿಯಿಂದ ಆದೇಶ ತಂದು ಇನ್ನೊಂದು ಕಚೇರಿಯ ಕುರ್ಚಿಯಲ್ಲಿ ಕೂರುತ್ತಾರೆ. ಅದಕ್ಕೆ ನ್ಯಾಯಮಂಡಳಿಯನ್ನು ದೂರಬೇಡಿ, ಮೂರು ತಿಂಗಳಲ್ಲಿ ನಾಲ್ಕು ಹಾಳೆ ಬರೆಯದವರನ್ನು ಕೇಳಿ.

ಲಂಚದ ಕೇಸು ಕೋರ್ಟಿನಲ್ಲಿ ಬಿದ್ದುಹೋಗುವುದಕ್ಕೂ ಇದೇ ಉದಾಸೀನ ಕಾರಣ. ಪುಡಿ ಸವರಿದ ನೋಟು ಮುಟ್ಟಿದ ಬೆರಳು ಸೋಡಾ ದ್ರಾವಣದಲ್ಲಿ ಗುಲಾಬಿ ಬಣ್ಣ ಬಿಟ್ಟರೆ ಎಲ್ಲ ಮುಗಿಯಿತು ಎಂದು ಜನ ತಿಳಿದಿದ್ದಾರೆ. ಹಣ ಕೇಳಿದ್ದೂ ಸಾಬೀತಾಗಬೇಕು, ಅರ್ಜಿ ಆ ದಿನ ಆತನ ಬಳಿಯೇ ಬಾಕಿಯಿತ್ತೆಂದು ಕಡತವೂ ಹೇಳಿದರೆ ಕೇಸಿಗೆ ಬಲ. ದೂರುದಾರ ತಿರುಗಿಬಿದ್ದರೂ ಸಾಂದರ್ಭಿಕ ಸಾಕ್ಷ್ಯದಿಂದ ಬೇಡಿಕೆಯನ್ನು ಸಾಬೀತುಪಡಿಸಬಹುದೆಂದು 2022ರಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹೇಳಿದೆ. ಆ ಸಾಕ್ಷ್ಯ ಇರುವುದು ಈಗ ಬೀಗ ಹಾಕಿರುವ ಬೀರುವಿನಲ್ಲೇ. ತಹಶೀಲ್ದಾರರು ಪಂಚರ ಎದುರು ಬೀರು ತೆಗೆಸಿ, ಕಡತಗಳ ಪಟ್ಟಿ ಮಾಡಿ, ಕೇಸಿಗೆ ಬೇಕಾದದ್ದನ್ನು ಪೊಲೀಸರಿಗೆ, ಉಳಿದದ್ದನ್ನು ಪ್ರಭಾರದವರಿಗೆ ಕೊಟ್ಟರೆ ಒಂದು ಮಧ್ಯಾಹ್ನದ ಕೆಲಸ. ಅದನ್ನೂ ಮಾಡಿಲ್ಲ.

ಮಾಡುವುದಾದರೂ ಹೇಗೆ? ಈ ಜಿಲ್ಲೆಯಲ್ಲಿ ಪೋಡಿಗೆ (ಜಮೀನು ಅಳೆದು ಪಾಲು ಬೇರ್ಪಡಿಸಲು) ಅರ್ಜಿ ಹಾಕಿದರೆ ಸರ್ವೇಯರ್ ಇಲ್ಲ, ಸರ್ವೇಯರ್ ಬಂದ ದಿನ ಮಳೆ. ಜಮ್ಮಾ ಆರ್‌ಟಿಸಿಯ ಹೆಸರು ತಿದ್ದುಪಡಿಗೆ ಹಾಕಿದ ಅರ್ಜಿ ಎಲ್ಲಿದೆ ಎಂದು ಕೇಳಿದರೆ ಮೇಲಿಂದ ಸುತ್ತೋಲೆ ಬರಬೇಕು ಎನ್ನುತ್ತಾರೆ. 2018ರ ಭೂಕುಸಿತವಾದಾಗ ಸಾಲುಸಾಲು ಕಾರುಗಳಲ್ಲಿ ಬಂದ ಸಾಹೇಬರುಗಳು ಈಗ ಒಂದು ಬೀರುವಿನ ಬಾಗಿಲು ತೆಗೆಸಲು ಬರಲಾರರೇ? ಜಿಲ್ಲೆಯ ದಕ್ಷಿಣ ತುದಿಯ ಕುಟ್ಟ ಊರಿನ ಕಡೆಯ ಬಡವರು ಒಂದು ದಿನದ ಕೂಲಿ ಬಿಟ್ಟು, ಬಸ್ಸಿಗೆ ದುಡ್ಡು ಕೊಟ್ಟು ಜಿಲ್ಲಾ ಕೇಂದ್ರ ಮಡಿಕೇರಿಗೆ ಹೋಗಿ, ಸಾಹೇಬರು ಮೀಟಿಂಗಿನಲ್ಲಿದ್ದಾರೆ ಎಂಬ ಮಾತು ಕೇಳಿ ಬರಬೇಕೇ?

ಅಮಾನತು ಆದೇಶದ ಜೊತೆಗೇ ಅದೇ ದಿನ ಪ್ರಭಾರದ ಆದೇಶ ಆಗಲಿ, ಲಾಗಿನ್ ಬದಲಾಗಲಿ. ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಕೊಡದ ಮೇಲಧಿಕಾರಿಗೂ ನೋಟಿಸ್ ಹೋಗಲಿ. ಲಂಚ ತಿಂದವರನ್ನು ಮನೆಗೆ ಕಳಿಸಿ, ಖಾಲಿ ಹುದ್ದೆಗಳನ್ನೂ ತುಂಬಿ. ಇಷ್ಟನ್ನೂ ಮಾಡಲಾಗದವರಿಗೆ ಆ ಕುರ್ಚಿ, ಆ ಜೀಪು ಯಾಕೆ? ಕೆಲಸ ಬಾರದಿದ್ದರೆ ಬಿಟ್ಟು ಹೋಗಿ.

ಒಬ್ಬ ಕಾಫಿ ಬೆಳೆಗಾರ
ದಕ್ಷಿಣ ಕೊಡಗು